ಮರಳಿ ಬರುವ ವ್ಯೋಮನೌಕೆ: ಶ್ರೀಹರಿಕೋಟೆಯೂ ವರವು ಕಾವಲೂ

ರಾಮನನ್ನು ಲಂಕೆಯಿಂದ ಅಯೋಧ್ಯೆಗೆ ತಂದಿಳಿಸಿದ ಪುಷ್ಪಕವು ತರುವಾಯ ತನ್ನ ಒಡೆಯನಾದ ಕುಬೇರನಲ್ಲಿಗೆ ಮರಳಿತೆಂದು ವಾಲ್ಮೀಕಿಯು ಹೇಳುತ್ತಾನೆ. ವಾಹನವು ಒಂದು ಪಯಣದೊಡನೆ ಮುಗಿದುಹೋಗತಕ್ಕದ್ದಲ್ಲವೆಂಬ ತಿಳಿವು ಅಷ್ಟು ಹಳೆಯದು. ಆದರೆ ನಿಜವಾದ ವ್ಯೋಮಯಾನದಲ್ಲಿ ಈ ನ್ಯಾಯವು ಬಹುಕಾಲ ನಡೆಯಲಿಲ್ಲ. 1961ರಲ್ಲಿ ಗಗಾರಿನನನ್ನು ಹೊತ್ತ ವೋಸ್ತೋಕ್ ಮೊದಲ್ಗೊಂಡು ಚಂದ್ರನೆಡೆಗೆ ಹೋದ ಅಪೊಲೊವಿನವರೆಗೆ, ಮನುಷ್ಯರನ್ನು ಹೊತ್ತು ಭೂಮಿಯನ್ನು ಸುತ್ತಿದ ನೌಕೆಗಳೆಲ್ಲ ಒಂದೇ ಯಾತ್ರೆಗೆ ಮೀಸಲಾಗಿದ್ದವು. ಚೆನ್ನೈಯಿಂದ ಬೆಂಗಳೂರಿಗೆ ಒಮ್ಮೆ ಓಡಿದ ರೈಲನ್ನು ಅಲ್ಲಿಯೇ ಗುಜರಿಗೆ ಹಾಕಿದಂತೆ! ಅಮೆರಿಕದ ಎಕ್ಸ್-15 ವಿಮಾನವು 1963ರಲ್ಲಿ ಎರಡು ಬಾರಿ 100 ಕಿಲೋಮೀಟರ್ ಮೀರಿ ಏರಿ ಇಳಿದದ್ದುಂಟು. ಅದು ಕಕ್ಷೆಯನ್ನು ಸೇರಲಿಲ್ಲ.

1981ರ ಏಪ್ರಿಲ್ 12ರಂದು ಮೇಲೇರಿದ ಕೊಲಂಬಿಯಾ ಈ ಕೊರತೆಯನ್ನು ನೀಗಿತು. ಅಮೆರಿಕದ ಷಟಲ್ ನೌಕೆಗಳು ವಾರಕ್ಕೊಂದರಂತೆ ಹಾರುವುವು, ಖರ್ಚು ಇಳಿಯುವುದು ಎಂಬುದು ಯೋಜಕರ ಭರವಸೆ. ಆದದ್ದೇನು? ಅತ್ಯಧಿಕ ಯಾತ್ರೆಗಳಾದ 1985ರಲ್ಲಿಯೂ ಒಂಬತ್ತಕ್ಕಿಂತ ಹೆಚ್ಚು ಆಗಲಿಲ್ಲ. ನೌಕೆಯ ಮೈಗೆ ಹೊದಿಸಿದ, ಬೆಂಕಿಯನ್ನು ತಡೆಯುವ ಸಾವಿರಾರು ಬಿಲ್ಲೆಗಳನ್ನು ಪ್ರತಿ ಯಾತ್ರೆಯ ತರುವಾಯವೂ ಪರೀಕ್ಷಿಸಬೇಕಾಗಿತ್ತು. ಬಂಡವಾಳವನ್ನು ಎಣಿಸಿದವರು ಸವಕಳಿಯನ್ನೂ ದುರಸ್ತಿಯನ್ನೂ ಕಡಿಮೆಯಾಗಿ ಎಣಿಸಿದರೆಂದೇ ಹೇಳಬೇಕು. ಇದಕ್ಕೂ ಮಿಗಿಲಾದ ಬೆಲೆ ಪ್ರಾಣದ್ದು. 1986ರಲ್ಲಿ ಚಾಲೆಂಜರ್, 2003ರ ಫೆಬ್ರವರಿ 1ರಂದು ಕೊಲಂಬಿಯಾ ನಾಶವಾಗಿ ಒಟ್ಟು ಹದಿನಾಲ್ವರು ಅಳಿದರು; ಎರಡನೆಯ ದುರಂತದಲ್ಲಿ ಭಾರತಸಂಜಾತೆ ಕಲ್ಪನಾ ಚಾವ್ಲಾ ಇದ್ದರು. 135 ಯಾತ್ರೆಗಳ ತರುವಾಯ 2011ರಲ್ಲಿ ಷಟಲ್ ನಿಂತಿತು. ಸೋವಿಯತ್ ದೇಶದ ಬುರಾನ್ 1988ರಲ್ಲಿ ಆಳಿಲ್ಲದೆ ಒಮ್ಮೆ ಹಾರಿ ಮೂಲೆಗೆ ಬಿದ್ದಿತು.

ಭಾರತದ ಪ್ರಯತ್ನವು ಚೆನ್ನೈಗೆ ನೆರೆಯ ಸಂಗತಿ. 2007ರ ಜನವರಿ 10ರಂದು ಶ್ರೀಹರಿಕೋಟೆಯಿಂದ ಹೊರಟ 550 ಕಿಲೋಗ್ರಾಂ ತೂಕದ ಸಂಪುಟವೊಂದು ಹನ್ನೆರಡು ದಿನ ಭೂಮಿಯನ್ನು ಸುತ್ತಿ ಬಂಗಾಳ ಕೊಲ್ಲಿಯಲ್ಲಿ ಇಳಿಯಿತು. ಕಕ್ಷೆಯಿಂದ ವಸ್ತುವನ್ನು ಸುಡದೆ ಮರಳಿ ತರುವ ವಿದ್ಯೆಯು ಈ ದೇಶಕ್ಕೆ ಆಗ ಒಲಿಯಿತು. 2014ರ ಡಿಸೆಂಬರ್ 18ರಂದು ಯಾತ್ರಿಕರ ಕೋಶದ ಮಾದರಿಯು 126 ಕಿಲೋಮೀಟರ್ ಏರಿ ಅಂಡಮಾನಿನ ಕಡಲಿಗೆ ಇಳಿಯಿತು. 2023ರ ಅಕ್ಟೋಬರ್ 21ರಂದು, ಆಪತ್ತಿನಲ್ಲಿ ಯಾತ್ರಿಕರನ್ನು ಪಾರುಮಾಡುವ ಪರೀಕ್ಷೆ ಮುಗಿಸಿದ ಕೋಶವನ್ನು ನೌಕಾದಳದವರು ನೀರಿನಿಂದೆತ್ತಿ ಚೆನ್ನೈ ಬಂದರಿಗೆ ತಂದರು.

ರೆಕ್ಕೆಯುಳ್ಳ ನೌಕೆಯ ಕಥೆ ಬೇರೆ. ಹಾಸನ ಜಿಲ್ಲೆಯವರಾದ ಎ. ಎಸ್. ಕಿರಣ್ ಕುಮಾರ್ ಇಸ್ರೋ ಅಧ್ಯಕ್ಷರಾಗಿದ್ದಾಗ, 2016ರ ಮೇ 23ರಂದು, 1.75 ಟನ್ ತೂಕದ ಆಳಿಲ್ಲದ ಮಾದರಿಯು ಶ್ರೀಹರಿಕೋಟೆಯಿಂದ 65 ಕಿಲೋಮೀಟರ್ ಏರಿ, ಶಬ್ದದ ಐದು ಪಟ್ಟು ವೇಗದಿಂದ ಮರಳಿ, 450 ಕಿಲೋಮೀಟರ್ ದೂರದ ಕಡಲಿಗಿಳಿಯಿತು. ನೆಲಕ್ಕಿಳಿಯುವ ಪಾಠಕ್ಕೆ ಆಯ್ದದ್ದು ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆ ಸೀಮೆಯ ಓಡುದಾರಿ. 2023ರ ಏಪ್ರಿಲ್ 2ರಂದು ಹೆಲಿಕಾಪ್ಟರು ಅದನ್ನು ಸುಮಾರು ನಾಲ್ಕೂವರೆ ಕಿಲೋಮೀಟರ್ ಎತ್ತರಕ್ಕೊಯ್ದು ಬಿಟ್ಟಿತು. ಅದು ತಾನಾಗಿಯೇ ದಾರಿ ಹಿಡಿದು ಇಳಿಯಿತು. ಪುಷ್ಪಕವೆಂಬ ಹೆಸರಿನಿಂದ 2024ರ ಮಾರ್ಚ್ 22 ಮತ್ತು ಜೂನ್ 23ರಂದು ಮತ್ತೆರಡು ಸಲ, ಬೇಕೆಂದೇ ದಾರಿಯಿಂದ ಓರೆಯಾಗಿ ಬಿಟ್ಟರೂ, ಸರಿಯಾಗಿ ಇಳಿಯಿತು. ಮಾರ್ಚ್ ತಿಂಗಳ ಒಡಲೇ ಮಾರ್ಪಾಡಿಲ್ಲದೆ ಜೂನಿನಲ್ಲಿಯೂ ಹಾರಿದ್ದು ಗಮನಾರ್ಹ. ಮರುಬಳಕೆಯೆಂಬ ಮಾತಿಗೆ ಇಲ್ಲಿ ಆಧಾರವಿದೆ. ನೆಲ ಮುಟ್ಟಿದಾಗ ವೇಗ ಗಂಟೆಗೆ 320 ಕಿಲೋಮೀಟರಿಗೂ ಮಿಕ್ಕಿತ್ತು.

ಆ ನೆಲಕ್ಕೂ ಚರಿತ್ರೆಯಿದೆ. ಚಿಕ್ಕದೇವರಾಜರ ಬೆಣ್ಣೆಚಾವಡಿಯು ಟೀಪುವಿನ ಕಾಲಕ್ಕೆ ಅಮೃತಮಹಲ್ ಆಯಿತು; ಫಿರಂಗಿ ಎಳೆದ ಆ ರಾಸುಗಳಿಗೆ ಮೀಸಲಾಗಿದ್ದ ಹುಲ್ಲುಗಾವಲುಗಳಲ್ಲಿ ವರವು ಕಾವಲು, ಉಳ್ಳಾರ್ತಿ ಕಾವಲು ಸೇರಿದ್ದವು. ಸುತ್ತಣ ಹಳ್ಳಿಗಳ ಕುರಿ, ಅವುಗಳ ಉಣ್ಣೆಯಿಂದ ನೇಯುವ ಚಳ್ಳಕೆರೆಯ ಕಂಬಳಿ, ಎಲ್ಲಕ್ಕೂ ಈ ಮೇವೇ ಮೂಲ. ರಕ್ಷಣಾ ಸಂಶೋಧನೆ, ಅಣುವಿಜ್ಞಾನ, ವ್ಯೋಮ ಮೊದಲಾದ ಸಂಸ್ಥೆಗಳಿಗೆ ಸಾವಿರಾರು ಎಕರೆ ಮಂಜೂರಾದಾಗ ಹಳ್ಳಿಗರು ಪ್ರತಿಭಟಿಸಿದರು. 2013ರಲ್ಲಿ ವ್ಯಾಜ್ಯವು ಚೆನ್ನೈಯ ಹಸಿರು ನ್ಯಾಯಪೀಠಕ್ಕೆ ಬಂದಿತು. ಓಡುದಾರಿಯು 2017ರಲ್ಲಿ ಉದ್ಘಾಟನೆಗೊಂಡಿತು. ನೌಕೆಯ ಖರ್ಚನ್ನು ಬರೆಯುವವರು ಬೇಲಿ ಬಿದ್ದ ಮೇವಿನ ಬಾಬತ್ತನ್ನೂ ಅದೇ ಪುಟದಲ್ಲಿ ಬರೆಯುವುದು ನ್ಯಾಯ.

2025ರ ಜೂನಿನಲ್ಲಿ ಶುಭಾಂಶು ಶುಕ್ಲಾ ಅಂತರಿಕ್ಷ ನಿಲ್ದಾಣಕ್ಕೆ ಹೋದದ್ದು ಮರುಬಳಕೆಗೆಂದೇ ರಚಿತವಾದ ಅಮೆರಿಕದ ಡ್ರ್ಯಾಗನ್ ಕೋಶದಲ್ಲಿ; ಅದಕ್ಕೆ ರೆಕ್ಕೆಯಿಲ್ಲ, ಅದು ಕಡಲಿಗೇ ಇಳಿಯುತ್ತದೆ. ಗಗನಯಾನದ ಕೋಶವೂ ಹಾಗೆಯೇ. ಪುಷ್ಪಕವಾದರೋ ಇನ್ನು ಕಕ್ಷೆಯಿಂದ ಮರಳಿ ನೆಲಕ್ಕಿಳಿದು ತೋರಿಸಬೇಕು. ಆಳನ್ನು ಹೊರುವ ಮಾತು ಅದರ ತರುವಾಯದ್ದು.