ಬಸವ ಅನ್ನೋ ಹೆಸರಿನ ಹಿಂದೆ...

ಹೈಸ್ಕೂಲಿನಲ್ಲಿ ತತ್ಸಮ-ತದ್ಭವದ ಪಟ್ಟಿ ಉರು ಹೊಡೆದದ್ದು ನೆನಪಿದೆಯಾ? ವನ-ಬನ, ವರ್ಣ-ಬಣ್ಣ, ವಸತಿ-ಬಸದಿ, ಭಾಷೆ-ಬಾಸೆ... ಪರೀಕ್ಷೆಯಲ್ಲಿ ಗ್ಯಾರಂಟಿ ಬರ್ತಿದ್ದ ಪ್ರಶ್ನೆ. ಅದೇ ಪಟ್ಟಿಯ ನಡುವೆ ಎಲ್ಲೋ 'ವೃಷಭ-ಬಸವ' ಅಂತಲೂ ಇರ್ತಿತ್ತು. ಅಂಕ ಬಂತು, ಮರೆತೂ ಹೋಯ್ತು. ನಮ್ಮ ಕ್ಲಾಸಿನಲ್ಲೇ ಮೂರು ಜನ ಬಸವರಾಜರಿದ್ದರು. ಆ ಪಟ್ಟಿಯಲ್ಲಿರೋದು ಅವರ ಹೆಸರೇ ಅಂತ ಆಗ ಯಾರಿಗೂ ಹೊಳೆದಿರಲಿಲ್ಲ.

ಈಗ ದಿನವೂ ಕೋಡ್ ಬರೆದು ಹೊಟ್ಟೆ ಹೊರೆಯೋನಿಗೆ ಆ ಪಟ್ಟಿ ಬೇರೆ ಥರ ಕಾಣುತ್ತೆ. ಅದು ಕೆಲವೇ ನಿಯಮಗಳ ಆಟ. ಪದದ ಮೊದಲಿನ 'ವ' ಕನ್ನಡದಲ್ಲಿ 'ಬ' ಆಗುತ್ತೆ (ವನ-ಬನ). 'ಷ' ಹೋಗಿ 'ಸ' ಬರುತ್ತೆ (ಭಾಷೆ-ಬಾಸೆ). 'ಋ'ಕಾರ ಪ್ರಾಕೃತದಲ್ಲೇ ಎಷ್ಟೋ ಕಡೆ 'ಅ' ಆಗಿಬಿಟ್ಟಿದೆ. ಕೃಷ್ಣ ಅನ್ನೋದು ಕಣ್ಹ ಆಗಿ, ನಮ್ಮಲ್ಲಿಗೆ ಬರೋ ಹೊತ್ತಿಗೆ ಕನ್ನರ ಆಯ್ತು. ವೃಷಭಕ್ಕೂ ಇದೇ ನಿಯಮಗಳನ್ನ ಹಚ್ಚಿ ನೋಡಿ. ಪಾಳಿಯಲ್ಲಿ ವಸಭ, ಪ್ರಾಕೃತದಲ್ಲಿ ವಸಹ, ಕನ್ನಡದಲ್ಲಿ ಬಸವ. 13ನೇ ಶತಮಾನದಲ್ಲಿ ಕೇಶಿರಾಜ 'ಶಬ್ದಮಣಿದರ್ಪಣ'ದಲ್ಲಿ ಇಂಥ ಪದಗಳಿಗಾಗಿಯೇ ಒಂದು ಇಡೀ ಪ್ರಕರಣ ಬರೆದ.

ಇನ್ನೂ ಒಂದು ಹೆಜ್ಜೆ ಹಿಂದೆ ಹೋದರೆ ಮಜಾ ಇದೆ. ವೃಷಭದ ಬೇರು 'ವೃಷ್' ಅನ್ನೋ ಧಾತು. ಅದರ ಅರ್ಥ ಸುರಿಸು, ಮಳೆಗರೆ ಅಂತ. ಅತಿವೃಷ್ಟಿ, ಅನಾವೃಷ್ಟಿಯ 'ವೃಷ್ಟಿ' ಇದೇ ಬೇರಿನದು. ಮಳೆ ಅನ್ನೋ ಅರ್ಥದ 'ವರ್ಷ'ವೂ ಇದರದ್ದೇ. ಒಂದು ಮಳೆಗಾಲದಿಂದ ಇನ್ನೊಂದು ಮಳೆಗಾಲಕ್ಕೆ ಲೆಕ್ಕ ಹಾಕಿ ಅದೇ ಪದ ಕಾಲದ ಅಳತೆಯೂ ಆಯ್ತು. ಗೂಳಿ ಬೀಜ ಸುರಿಸುತ್ತೆ, ಮೋಡ ನೀರು ಸುರಿಸುತ್ತೆ. ಅದಕ್ಕೇ ಋಗ್ವೇದದಲ್ಲಿ ಮಳೆ ತರೋ ಇಂದ್ರನನ್ನೂ ಪರ್ಜನ್ಯನನ್ನೂ ವೃಷಭ ಅಂತ ಕರೀತಾರೆ. ಕೊನೆಯ 'ಭ' ಪ್ರಾಣಿಗಳ ಹೆಸರಿಗೆ ಅಂಟಿಕೊಳ್ಳೋ ಬಾಲ: ಋಷಭ, ಶರಭ, ಕರಭ (ಒಂಟೆಮರಿ)... ಗರ್ದಭವೂ ಅದೇ ಸಾಲಿನದು, ಏನ್ಮಾಡೋದು :)

ಸರಿ, ಎತ್ತಿನ ಹೆಸರನ್ನ ಮಗನಿಗೆ ಇಡೋದಾದರೂ ಯಾಕೆ?

ಹಳ್ಳಿಯಿಂದ ಬಂದವರಿಗೆ ಇದನ್ನ ಬಿಡಿಸಿ ಹೇಳಬೇಕಿಲ್ಲ. ನೊಗಕ್ಕೆ ಹೂಡೋದು ಎತ್ತು. ಇನ್ನೂ ಪಳಗದ ಹರೆಯದ್ದು ಹೋರಿ. ಬೀಜಕ್ಕೆ ಬಿಟ್ಟದ್ದು ಗೂಳಿ. ಇವೆಲ್ಲ ಕೆಲಸದ ಹೆಸರುಗಳು. ಬಸವ ಅಂದ ಕೂಡಲೇ ಕೈ ಮುಗಿಯೋ ಹೆಸರು. ದೇವರಿಗೆ ಬಿಟ್ಟದ್ದು ಬಸವ, ಗುಡಿಯಲ್ಲಿ ಕೂತದ್ದು ಬಸವಣ್ಣ, ಮಣ್ಣೆತ್ತಿನ ಅಮಾವಾಸ್ಯೆಗೆ ಕೆರೆಮಣ್ಣು ತಂದು ಮಾಡಿ ಪೂಜಿಸೋದೂ ಬಸವಣ್ಣ. ಶಿವನ ವಾಹನ ಅನ್ನೋ ಗೌರವ ಒಂದು ಕಡೆ, ಇದಿಲ್ಲದಿದ್ದರೆ ಹೊಲವೇ ಇಲ್ಲ ಅನ್ನೋ ಋಣ ಇನ್ನೊಂದು ಕಡೆ. ಜೈನರಿಗೂ ಈ ಹೆಸರು ಹೊಸದಲ್ಲ. ಮೊದಲ ತೀರ್ಥಂಕರನ ಹೆಸರು ವೃಷಭನಾಥ, ಲಾಂಛನ ಎತ್ತು. ಪಂಪ ಕ್ರಿ.ಶ. 941ರಲ್ಲಿ ಬರೆದ 'ಆದಿಪುರಾಣ' ಅವನ ಕಥೆಯೇ.

12ನೇ ಶತಮಾನದಲ್ಲಿ ಬಾಗೇವಾಡಿಯ ಮಾದರಸ-ಮಾದಲಾಂಬಿಕೆಯರ ಮಗನಿಗೆ ಬಸವ ಅಂತ ಹೆಸರಿಟ್ಟರು. ಮುಂದೆ ಅವನು ಕಲ್ಯಾಣದಲ್ಲಿ ಕಲಚೂರಿ ಬಿಜ್ಜಳನ ಭಂಡಾರಿಯಾದದ್ದು, ಕೂಡಲಸಂಗಮದೇವ ಅಂಕಿತದಲ್ಲಿ ವಚನ ಬರೆದದ್ದು, ಎಲ್ಲ ಕಸುಬಿನವರೂ ಒಟ್ಟಿಗೆ ಕೂತ ಶರಣರ ಬಳಗ, ಕೊನೆಗೆ ಕಲ್ಯಾಣ ಹೊತ್ತಿ ಉರಿದದ್ದು, ಇವೆಲ್ಲ ನಿಮಗೆ ಗೊತ್ತಿರೋದೇ. ನನಗೆ ಕುತೂಹಲ ಇರೋದು ಆಮೇಲೆ ಈ ಹೆಸರಿಗೆ ಏನಾಯ್ತು ಅನ್ನೋದರಲ್ಲಿ.

ಬೆಳಗಾವಿ ಜಿಲ್ಲೆಯ ಹುಕ್ಕೇರಿ ಸೀಮೆಯ ಅರ್ಜುನವಾಡದಲ್ಲಿ 1260ರ ಒಂದು ಶಾಸನ ಇದೆ. ಅವನು ತೀರಿಕೊಂಡು ಸುಮಾರು ನೂರು ವರ್ಷದ ಮೇಲೆ ಬರೆಸಿದ್ದು. ಬಾಗೇವಾಡಿಯ ಮಾದಿರಾಜ, ಅವನ ಮಗ ಬಸವರಾಜ ಅಂತ ಅದರಲ್ಲಿ ಬರುತ್ತೆ. ಬಸವಣ್ಣ ಬರೀ ಪುರಾಣದ ವ್ಯಕ್ತಿಯಾ, ನಿಜವಾಗಿ ಇದ್ದವನಾ ಅನ್ನೋ ಅನುಮಾನಕ್ಕೆ ಕಲ್ಲಿನಲ್ಲಿ ಸಿಕ್ಕ ಗಟ್ಟಿ ಉತ್ತರ ಅದು. ಆಗ ಆಳ್ತಿದ್ದ ಸೇವುಣ ರಾಜನ ಹೆಸರು ಕನ್ನರ. ಅಂದರೆ ಕೃಷ್ಣ. ಮೇಲೆ ಹೇಳಿದ ಅದೇ ನಿಯಮ! ರಾಜನೂ ತದ್ಭವ, ಶರಣನೂ ತದ್ಭವ, ಒಂದೇ ಕಲ್ಲಿನ ಮೇಲೆ.

ಕಾವ್ಯಗಳಿಗೆ ಬಂದರೆ, ಎತ್ತು ಮತ್ತು ಮನುಷ್ಯ ನಿಧಾನಕ್ಕೆ ಒಂದಾಗೋದು ಕಾಣುತ್ತೆ. ಹರಿಹರನ 'ಬಸವರಾಜದೇವರ ರಗಳೆ'ಯಲ್ಲಿ ಕೈಲಾಸದ ವೃಷಭಮುಖ ಅನ್ನೋ ಗಣವೊಂದು ತಪ್ಪು ಮಾಡಿ ಭೂಮಿಗೆ ಬಂದು ಬಸವನಾಗಿ ಹುಟ್ಟುತ್ತೆ. ತೆಲುಗಿನಲ್ಲಿ ಪಾಲ್ಕುರಿಕೆ ಸೋಮನಾಥ ಬರೆದ 'ಬಸವಪುರಾಣ'ಕ್ಕೆ, ಅದನ್ನ ಅನುಸರಿಸಿ 1369ರಲ್ಲಿ ಭೀಮಕವಿ ಬರೆದ ಕನ್ನಡ 'ಬಸವಪುರಾಣ'ಕ್ಕೆ ಬರೋ ಹೊತ್ತಿಗೆ ತಾಯಿ ನಂದಿಯ ವ್ರತ ಮಾಡ್ತಾಳೆ, ಸ್ವತಃ ನಂದಿಯೇ ಅವಳ ಹೊಟ್ಟೆಯಲ್ಲಿ ಹುಟ್ಟುತ್ತಾನೆ. 1677ರಲ್ಲಿ ಷಡಕ್ಷರದೇವ ಅದೇ ಕಥೆಯನ್ನ ಚಂಪುವಿನಲ್ಲಿ ಬರೆದಾಗ ಇಟ್ಟ ಹೆಸರು 'ವೃಷಭೇಂದ್ರ ವಿಜಯ'. ಐನೂರು ವರ್ಷದಲ್ಲಿ ತದ್ಭವ ಮತ್ತೆ ತತ್ಸಮದ ಅಂಗಿ ತೊಟ್ಟಿತು ಅನ್ನಿ. ಆದರೆ ಊರಿನ ಜನ ಆ ಅಂಗಿಯನ್ನ ಅಷ್ಟಾಗಿ ಹಚ್ಚಿಕೊಳ್ಳಲಿಲ್ಲ. ವೃಷಭೇಂದ್ರ ಅಂತ ಹೆಸರಿರೋರು ಅಲ್ಲೊಬ್ಬ ಇಲ್ಲೊಬ್ಬ ಸಿಗಬಹುದು, ಬಸಪ್ಪ ಓಣಿಗೊಬ್ಬ ಸಿಗ್ತಾನೆ. ಇನ್ನು ಬ, ಸ, ವ ಮೂರಕ್ಷರವನ್ನ ಬಿಡಿಬಿಡಿಯಾಗಿ ಅರ್ಥ ಮಾಡೋ ವಚನಗಳೂ ಇವೆ. ಅಲ್ಲಿ ಎತ್ತು ಪೂರ್ತಿ ಮಾಯವಾಗಿ ಹೆಸರೇ ಮಂತ್ರ ಆಗಿದೆ.

ಮುಂದೆ ಇದು ಎಷ್ಟು ಕವಲೊಡೆಯಿತು ಅಂತ ನೋಡಿ. ಬಸಪ್ಪ, ಬಸಣ್ಣ, ಬಸಯ್ಯ, ಬಸವಂತಪ್ಪ, ಬಸವಲಿಂಗಪ್ಪ, ಚನ್ನಬಸಪ್ಪ, ಗುರುಬಸಪ್ಪ, ಸಂಗನಬಸಪ್ಪ, ಹೆಣ್ಣುಮಕ್ಕಳಿಗೆ ಬಸವ್ವ, ಬಸಮ್ಮ. ನಮ್ಮ ಕಡೆ ಬಸವರಾಜ, ಮೈಸೂರಿನ ಕಡೆ ಹೋದರೆ ಬಸವರಾಜು. ಅಲ್ಲೇ ಒಕ್ಕಲಿಗರ ಮನೆಗಳಲ್ಲಿ ಬಸವೇಗೌಡ. ಕೆಳದಿಯ ಸಿಂಹಾಸನದಲ್ಲೂ ಒಬ್ಬ ಬಸಪ್ಪನಾಯಕ ಕೂತಿದ್ದ. ರಾಣಿ ಚೆನ್ನಮ್ಮಾಜಿಯ ದತ್ತುಮಗ, 1709ರಲ್ಲಿ 'ಶಿವತತ್ತ್ವರತ್ನಾಕರ' ಅನ್ನೋ ಸಂಸ್ಕೃತ ವಿಶ್ವಕೋಶ ಬರೆದವನು. ಮೈಸೂರು ಸಂಸ್ಥಾನದ ನಾಡಗೀತೆ ಬರೆದವರು ಬಸಪ್ಪ ಶಾಸ್ತ್ರಿ (1843-1891). ಕಾದಂಬರಿಕಾರ ಬಸವರಾಜ ಕಟ್ಟೀಮನಿ, ಗಾಯಕ ಬಸವರಾಜ ರಾಜಗುರು, ಹೀಗೆ ಪಟ್ಟಿ ಉದ್ದ ಇದೆ. ಆಂಧ್ರದಲ್ಲಿ ಮಾರ್ಕ್ಸ್‌ವಾದಿ ಪಕ್ಷ ಕಟ್ಟಿದ ಹಿರಿಯರಲ್ಲಿ ಒಬ್ಬರ ಹೆಸರು ಮಾಕಿನೇನಿ ಬಸವಪುನ್ನಯ್ಯ. ದೇವರನ್ನೇ ನಂಬದ ಪಕ್ಷದಲ್ಲಿ ನಂದಿಯ ಹೆಸರಿನ ನಾಯಕ!

ನನಗೆ ಎಲ್ಲಕ್ಕಿಂತ ಕಾಡೋದು ಬಿ. ಬಸವಲಿಂಗಪ್ಪನವರ ಹೆಸರು. ದಲಿತ ನಾಯಕರು, ದೇವರಾಜ ಅರಸರ ಸಂಪುಟದಲ್ಲಿ ಮಂತ್ರಿ, ತಲೆಯ ಮೇಲೆ ಮಲ ಹೊರೋ ಪದ್ಧತಿ ನಿಲ್ಲಿಸಿದವರು. 1973ರಲ್ಲಿ ಕನ್ನಡ ಸಾಹಿತ್ಯದಲ್ಲಿ ಬಹಳಷ್ಟು ಬೂಸಾ ಅಂದರು. ರಾಜ್ಯದಲ್ಲೆಲ್ಲ ಗಲಾಟೆಯಾಯ್ತು, ಮಂತ್ರಿಗಿರಿ ಹೋಯ್ತು. ಆ ಬೂಸಾ ಗಲಾಟೆಯೇ ಮುಂದೆ ದಲಿತ ಚಳವಳಿಗೆ ಕಿಡಿ ಆಯ್ತು. ಬೂಸಾ ಅಂದರೆ ದನಕ್ಕೆ ಹಾಕೋದು. ಅದನ್ನ ತಿನ್ನಲ್ಲ ಅಂತ ಹೇಳಿದವರ ಹೆಸರಿನಲ್ಲೇ ಬಸವ ಇದ್ದ.

ಯಾಕೆ ಇಷ್ಟೆಲ್ಲ ಉದಾಹರಣೆ ಕೊಟ್ಟೆ ಅಂದರೆ, ಬೆಂಗಳೂರಿನಲ್ಲಿ ಬಸವರಾಜ ಅಂತ ಹೆಸರು ಹೇಳಿದ ಕೂಡಲೇ ಎದುರಿನವರು ಮನಸ್ಸಿನಲ್ಲೇ ಜಾತಿ ಬರೆದುಕೊಂಡಿರ್ತಾರೆ. ನನ್ನ ಗೆಳೆಯನೊಬ್ಬ ಬಾಡಿಗೆ ಮನೆ ಹುಡುಕುವಾಗ ಹೆಸರು ಕೇಳಿಯೇ 'ಓ ನೀವು ಅವರಾ' ಅಂದರಂತೆ. ಅವನು ಅವರಲ್ಲ. ಹುಟ್ಟಿನಿಂದ ಮನುಷ್ಯನನ್ನ ಅಳೀಬೇಡಿ ಅಂತ ಹೇಳಿದವನ ಹೆಸರೇ ಹುಟ್ಟು ಅಳೆಯೋ ಪಟ್ಟಿಯಾಗಿದೆ.

ಹೆಸರಿನ ಕತ್ತಲೆ ಮಗ್ಗುಲನ್ನೂ ಹೇಳಬೇಕು. ದೇವರಿಗೆ ಬಿಟ್ಟ ಬಸವ ಯಾರ ಹೊಲ ಮೇಯ್ದರೂ ಯಾರೂ ಹೊಡೆಯೋದಿಲ್ಲ. ಈ ಪದದ ಹೆಣ್ಣುರೂಪ 'ಬಸವಿ'. ಬಳ್ಳಾರಿ ಸುತ್ತಮುತ್ತ ಗಂಡುಮಕ್ಕಳಿಲ್ಲದ ಬಡವರ ಮನೆಗಳಲ್ಲಿ ಒಬ್ಬ ಮಗಳನ್ನ ದೇವರಿಗೆ ಬಸವಿ ಅಂತ ಬಿಡ್ತಿದ್ದರು. ಅವಳಿಗೆ ಮದುವೆ ಇಲ್ಲ. ಅಪ್ಪನ ಮನೆಯಲ್ಲೇ ಇದ್ದು ಮಗನ ಹಾಗೆ ಆಸ್ತಿಗೆ ಹಕ್ಕುದಾರಳಾಗ್ತಿದ್ದಳು, ಹೆತ್ತವರ ಕ್ರಿಯೆಯನ್ನೂ ಮಾಡ್ತಿದ್ದಳು. ಕೇಳೋಕೆ ಹಕ್ಕಿನ ಹಾಗೆ ಕಾಣುತ್ತೆ. ಆದರೆ ಅದರ ಬೆಲೆಯಾಗಿ ಅವಳ ದೇಹ ಊರಿನ ಪಾಲಾಗ್ತಿತ್ತು. ಬಳ್ಳಾರಿ ಆಗ ಮದ್ರಾಸ್ ಪ್ರಾಂತ್ಯದಲ್ಲಿತ್ತು. ಅಲ್ಲಿ 1947ರಲ್ಲಿ ಕಾಯ್ದೆ ಬಂತು, ಕರ್ನಾಟಕದ್ದು 1982ರಲ್ಲಿ. ಬಸವ ಅಂತ ಗಂಡಿಗಿಟ್ಟರೆ ಗೌರವ, ಬಸವಿ ಅಂತ ಹೆಣ್ಣಿಗೆ ಅಂದರೆ ಬೈಗುಳ. ಒಂದೇ ಪದಕ್ಕೆ ಒಂದು ಸ್ವರ ಬದಲಾದದ್ದಕ್ಕೆ ಎಷ್ಟು ದೊಡ್ಡ ಶಿಕ್ಷೆ ನೋಡಿ.

ನಮ್ಮ ಮನೆಯಲ್ಲೂ ಈ ಹೆಸರಿನ ಪಂಚಾಯ್ತಿ ನಡೀತು. ಅಜ್ಜನ ಹೆಸರು ಬಸಪ್ಪ. ಅಕ್ಕನಿಗೆ ಗಂಡುಮಗು ಆದಾಗ ಅಪ್ಪನಿಗೆ ಆ ಹೆಸರು ಇಡಬೇಕು ಅಂತ ಆಸೆ. ಅಕ್ಕ ಅಂದಳು, "ಸಾಲ್ಯಾಗ ಹುಡುಗ್ರು ಬಸ್ಯಾ ಬಸ್ಯಾ ಅಂತ ಕಾಡಸ್ತಾರಪ್ಪ." ಅವ್ವನ ತಕರಾರೇ ಬೇರೆ. "ಮಾವನ ಹೆಸರ ಹಿಡದು ಕೂಸಿಗಿ ನಾ ಹೆಂಗ ಕರೀಲಿ?" ಮೂವತ್ತು ವರ್ಷ ಮಾವನ ಹೆಸರನ್ನ ಬಾಯಿಬಿಟ್ಟು ಹೇಳದೇ ಇದ್ದವಳು ಅವಳು. ಕೊನೆಗೆ ತೊಟ್ಟಿಲಿನಲ್ಲಿ ಕಿವಿಗೆ ಊದಿದ್ದು ಬಸವ ಅಂತ, ಸರ್ಟಿಫಿಕೇಟಿನಲ್ಲಿ ಬರೆಸಿದ್ದು ಎರಡಕ್ಷರದ ಬೇರೆ ಏನೋ. ಅಪ್ಪ ಏನೂ ಮಾತಾಡಲಿಲ್ಲ. ಸುಮಾರು ಮನೆಗಳಲ್ಲಿ ಈಗ ಹೀಗೇ ಅಂತ ಕಾಣುತ್ತೆ, ಹಳೇ ಹೆಸರು ಕಿವಿಗೆ ಮಾತ್ರ, ಕಾಗದಕ್ಕೆ ಹೊಸದು.

ಅಕ್ಕನ ಭಯ ಸುಳ್ಳಲ್ಲ. ಸಿನಿಮಾದಲ್ಲಿ, ನಾಟಕದಲ್ಲಿ ಪೆದ್ದನಿಗೆ ಬಸ್ಯಾ ಅಂತಲೇ ಹೆಸರಿಡ್ತಾರೆ. ಕೇಳಿದ್ದಕ್ಕೆಲ್ಲ ಹೂಂ ಅನ್ನೋನು ಕೋಲೆಬಸವ. ಆ ಬಡಪಾಯಿ ಎತ್ತಿಗೆ ಬಣ್ಣದ ಜೂಲು ಹೊದಿಸಿ ಮನೆಮನೆಗೆ ಕರೆತಂದು ತಲೆಯಾಡಿಸೋದು ಕಲಿಸಿದವರು ಮನುಷ್ಯರು, ಬೈಗುಳ ಮಾತ್ರ ಬಸವನ ಪಾಲಿಗೆ. ಎರಡು ಕೋಡು ಚಾಚಿ ನಿಧಾನ ತೆವಳೋ ಹುಳಕ್ಕೂ ಬಸವನಹುಳು ಅಂತ ಹೆಸರು, ಅದೊಂದು ಮಾತ್ರ ಮುದ್ದಾಗಿದೆ.

ಇನ್ನೊಂದು ಕಡೆ ಸರ್ಕಾರಿ ಗೌರವಕ್ಕೇನೂ ಕೊರತೆ ಇಲ್ಲ. 1913ರಲ್ಲಿ ದಾವಣಗೆರೆಯಲ್ಲಿ ಹರ್ಡೇಕರ್ ಮಂಜಪ್ಪನವರು ಶುರು ಮಾಡಿದ ಬಸವ ಜಯಂತಿ ಇವತ್ತು ರಜೆಯ ದಿನ. 2015ರಲ್ಲಿ ಲಂಡನ್ನಿನ ಥೇಮ್ಸ್ ದಂಡೆಯಲ್ಲಿ ಬಸವಣ್ಣನ ಪ್ರತಿಮೆ ಅನಾವರಣವಾಯ್ತು. 2024ರ ಜನವರಿಯಲ್ಲಿ ಕರ್ನಾಟಕ ಸರ್ಕಾರ ಬಸವಣ್ಣನನ್ನ ಸಾಂಸ್ಕೃತಿಕ ನಾಯಕ ಅಂತ ಘೋಷಿಸಿತು. ಪ್ರತಿಮೆ ಬೆಳೀತಾ ಇದೆ, ತೊಟ್ಟಿಲಿನಲ್ಲಿ ಹೆಸರು ಕಮ್ಮಿಯಾಗ್ತಾ ಇದೆ. ಒಂದು ಹೆಸರು ಬದುಕಿರೋದು ಯಾರಾದರೂ ಓಣಿಯ ತುದಿಯಲ್ಲಿ ನಿಂತು ಅದನ್ನ ಕೂಗಿ ಕರೆದಾಗ, ಕರೆಸಿಕೊಂಡವನು ತಿರುಗಿ ನೋಡಿದಾಗ. ಕಲ್ಲಿನಲ್ಲಿ ಕೆತ್ತಿದ ಹೆಸರು ಯಾರು ಕರೆದರೂ ತಿರುಗಿ ನೋಡೋದಿಲ್ಲ.

ಒಂದು ಕೆಲಸ ಮಾಡಿ. ಮುಂದಿನ ಸಲ ಊರಿಗೆ ಹೋದಾಗ ಅಲ್ಲಿನ ಬಸವಣ್ಣನ ಗುಡಿಯೊಳಗೆ ಕೂತಿರೋದು ಯಾರು ಅಂತ ನೋಡಿ. ಬಹುತೇಕ ಅದು ಕಾಲು ಮಡಚಿ ಕೂತ ಕಲ್ಲಿನ ಎತ್ತೇ ಆಗಿರುತ್ತೆ, ಬೆಂಗಳೂರಿನ ಬಸವನಗುಡಿಯಲ್ಲಿ ಇರೋ ಹಾಗೆ. ಆಮೇಲೆ ಪೂಜಾರಿಯನ್ನೋ ಕಟ್ಟೆಯ ಮೇಲೆ ಕೂತ ಹಿರಿಯರನ್ನೋ ಕೇಳಿ, ಇವನು ಎತ್ತಾ, ಕಲ್ಯಾಣದ ಶರಣನಾ ಅಂತ. ನಾನು ನಮ್ಮೂರಲ್ಲಿ ಕೇಳಿದ್ದೆ. ಅಜ್ಜ ಒಬ್ಬರು ಎಲೆಅಡಿಕೆ ಉಗಿದು ಬಂದು ಹೇಳಿದರು: "ಎರಡೂ ಅವನಽ ಅಲ್ಲೇನೋ ತಮ್ಮಾ. ಮಳೀ ಬರ್ಲಿಲ್ಲಂದ್ರ ನಾವು ಕೇಳೂದು ಇವಂಗಽ."

ಧಾತು-ಗೀತು ಏನೂ ಓದದೆ ಆ ಅಜ್ಜ ನೇರ ಮಳೆಗೇ ಹೋಗಿ ಮುಟ್ಟಿದ್ದರು.