ಧ್ವನಿವರ್ಧಕ ನಿಯತಾಂಕಗಳ ಮಾಪನ

ಕಾಂತ, ವಾಯ್ಸ್ ಕಾಯಿಲ್, ಕೋನ್, ಕಾಯಿಲು-ಕೋನುಗಳನ್ನು ನಡುವಿನಲ್ಲಿ ಹಿಡಿದು ತೂಗುವ ಸ್ಪೈಡರ್ ಮತ್ತು ಅಂಚಿನ ಸುತ್ತುಪಟ್ಟಿ ಇವೆಲ್ಲ ಸೇರಿದ ಘಟಕಕ್ಕೆ ಡ್ರೈವರ್ ಎಂದು ಹೆಸರು. ಪೆಟ್ಟಿಗೆಯೊಳಗೆ ಕೂರಿಸಿದಾಗ ಅದು ಮಂದ್ರ ಸ್ವರಗಳನ್ನು ಹೇಗೆ ನುಡಿಸೀತು ಎಂಬುದನ್ನು ಕೆಲವೇ ಅಂಕಿಗಳಿಂದ ಮೊದಲೇ ಹೇಳಬಹುದು. ಅನುರಣನ ಆವೃತ್ತಿಯಾದ ಎಫ್‌ಎಸ್, ಕಂಪನ ಎಷ್ಟು ಬೇಗ ಅಡಗುತ್ತದೆಂದು ತಿಳಿಸುವ ಮೂರು ಕ್ಯೂ ಬೆಲೆಗಳು, ಸ್ಪೈಡರ್ ಮತ್ತು ಸುತ್ತುಪಟ್ಟಿ ಸೇರಿದ ತೂಗಿನ ಮೃದುತ್ವಕ್ಕೆ ಸರಿಹೊಂದುವ ಗಾಳಿಯ ಗಾತ್ರವಾದ ವಿಎಎಸ್, ಕಾಯಿಲಿನ ಡಿಸಿ ರೋಧ, ಇವು ಅವುಗಳಲ್ಲಿ ಮುಖ್ಯವಾದವು. ಥೀಲ್-ಸ್ಮಾಲ್ ನಿಯತಾಂಕಗಳೆಂದು ಇವುಗಳ ವಾಡಿಕೆಯ ಹೆಸರು. ಪ್ಯಾರಾಮೀಟರ್ ಎಂಬುದಕ್ಕೆ ಕನ್ನಡ ಪಠ್ಯಪುಸ್ತಕಗಳು ಆಯ್ದುಕೊಂಡ ‘ನಿಯತಾಂಕ’ ಎಂಬ ಮಾತನ್ನು ಬಿಡಿಸಿದರೆ ನಿಯತವಾದ ಅಂಕ, ಕದಲದ ಸಂಖ್ಯೆ ಎಂದಾಗುತ್ತದೆ. ಧ್ವನಿವರ್ಧಕದ ಮಟ್ಟಿಗೆ ಈ ಅರ್ಥ ನಿಲ್ಲದು. ಕಂಪ್ಯೂಟರಿಗೆ ಜೋಡಿಸುವ ಮಾಪಕಗಳು ಬಂದದ್ದರಿಂದ ಅಂಕಿಗಳು ಹೆಚ್ಚು ನಿಖರವಾದವು ಎಂಬುದು ಸಾಮಾನ್ಯ ನಂಬಿಕೆ. ಅವು ನಿಜವಾಗಿ ಮಾಡಿದ ದೊಡ್ಡ ಕೆಲಸ ಬೇರೆಯೇ ಇದೆ: ಅಳತೆಯನ್ನು ಅಗ್ಗವಾಗಿಸಿ, ಒಂದೇ ಡ್ರೈವರನ್ನು ನೂರು ಸಲ ಅಳೆಯಲು ಎಡೆಮಾಡಿಕೊಟ್ಟು, ಈ ಅಂಕಿಗಳು ನಿಯತವಲ್ಲವೆಂದು ಬಯಲು ಮಾಡಿದ್ದು.

ಮೂಲ ಕಲ್ಪನೆ ಕಂಪ್ಯೂಟರಿಗಿಂತ, ಇಂದಿನ ರೂಪದ ಧ್ವನಿವರ್ಧಕಕ್ಕಿಂತಲೂ ಹಳೆಯದು. 1912ರಲ್ಲಿ ಎ. ಇ. ಕೆನೆಲಿ ಮತ್ತು ಜಿ. ಡಬ್ಲ್ಯು. ಪಿಯರ್ಸ್ ಟೆಲಿಫೋನಿನ ರಿಸೀವರನ್ನು ಪರೀಕ್ಷಿಸಿದರು. ಅದರ ತಗಡು ಕಂಪಿಸಲು ಬಿಟ್ಟಾಗ ಒಂದು ಇಂಪೀಡೆನ್ಸ್ (ಎಸಿ ವಿದ್ಯುತ್ತಿಗೆ ಒಡ್ಡುವ ಒಟ್ಟು ತಡೆ), ಕಂಪಿಸದಂತೆ ಒತ್ತಿಹಿಡಿದಾಗ ಇನ್ನೊಂದು. ಎರಡರ ವ್ಯತ್ಯಾಸ ಪೂರ್ತಿಯಾಗಿ ಚಲನೆಯಿಂದ ಹುಟ್ಟಿದ್ದು. ಅದನ್ನು ಗ್ರಾಫಿನಲ್ಲಿ ಇಟ್ಟರೆ ವೃತ್ತವೊಂದು ಮೂಡುತ್ತದೆ. ಧ್ವನಿವರ್ಧಕದಲ್ಲಿಯೂ ಇದೇ ನಡೆಯುತ್ತದೆ. ಕಾಂತಕ್ಷೇತ್ರದಲ್ಲಿ ಆಡುವ ಕಾಯಿಲು ಮೋಟಾರಾಗಿ ಕೆಲಸ ಮಾಡುತ್ತಲೇ ಜನರೇಟರೂ ಆಗಿ ಎದುರು ವೋಲ್ಟೇಜನ್ನು ಹುಟ್ಟಿಸುತ್ತದೆ. ಅನುರಣನದ ಹತ್ತಿರ ಕೋನು ಅಲ್ಪ ಬಲಕ್ಕೇ ಬಹಳ ವೇಗವಾಗಿ ಆಡುವುದರಿಂದ ಎದುರು ವೋಲ್ಟೇಜು ಹೆಚ್ಚಿ, ಹೊರಗಿನಿಂದ ನೋಡುವವರಿಗೆ ಇಂಪೀಡೆನ್ಸ್ ಬೆಟ್ಟದಂತೆ ಏರುತ್ತದೆ. ಆ ಬೆಟ್ಟದ ಎತ್ತರ ಮತ್ತು ಅಗಲಗಳಲ್ಲಿ ಕೋನಿನ ಯಾಂತ್ರಿಕ ಸ್ವಭಾವದ ಬಹುಪಾಲು ಅಡಗಿದೆ. ಎಂದರೆ ಮೈಕ್ರೊಫೋನು ಬೇಡ, ಸದ್ದಡಗಿಸಿದ ಕೋಣೆಯೂ ಬೇಡ. ಎರಡು ತಂತಿಗಳ ತುದಿಯಲ್ಲಿ ನಿಂತು ಒಳಗಿನದನ್ನು ಓದಬಹುದು. ಇಂದಿನ ಯುಎಸ್‌ಬಿ ಮಾಪಕಗಳೆಲ್ಲ ನಿಂತಿರುವುದು ಈ ಒಂದೇ ತಿಳಿವಿನ ಮೇಲೆ.

ಆದರೆ ಓದಲು ಬಂದರೆ ಸಾಲದು, ಓದಿದ್ದನ್ನು ಏನು ಮಾಡಬೇಕೆಂದೂ ತಿಳಿದಿರಬೇಕು. 1925ರಲ್ಲಿ ಜನರಲ್ ಎಲೆಕ್ಟ್ರಿಕ್‌ನ ರೈಸ್ ಮತ್ತು ಕೆಲಾಗ್ ಕಹಳೆಯಿಲ್ಲದ ಕಾಯಿಲು-ಕೋನಿನ ಧ್ವನಿವರ್ಧಕವನ್ನು ವಿವರಿಸಿದರು. 1932ರಲ್ಲಿ ಬೆಲ್ ಲ್ಯಾಬ್ಸ್‌ನ ಆಲ್ಬರ್ಟ್ ಥುರಾಸ್‌ಗೆ ರಂಧ್ರವಿರುವ ಪೆಟ್ಟಿಗೆಯ ಪೇಟೆಂಟ್ ಸಿಕ್ಕಿತು. ಅಲ್ಲಿಂದ ಮುಂದೆ ಸುಮಾರು ಮೂರು ದಶಕ ಪೆಟ್ಟಿಗೆ ಕಟ್ಟುವುದು ಬಹುಮಟ್ಟಿಗೆ ಬಡಗಿಯ ಕೈಗುಣದ ಮೇಲೆ ನಡೆಯಿತು: ಕಟ್ಟು, ಕೇಳು, ರಂಧ್ರ ಹಿಗ್ಗಿಸು, ಮತ್ತೆ ಕೇಳು. 1961ರಲ್ಲಿ ಆಸ್ಟ್ರೇಲಿಯಾದ ನೆವಿಲ್ ಥೀಲ್, ರಂಧ್ರವಿರುವ ಪೆಟ್ಟಿಗೆಯನ್ನು ವಿದ್ಯುತ್ ಫಿಲ್ಟರಿನಂತೆ ಕಂಡು, ಡ್ರೈವರು ಮತ್ತು ಪೆಟ್ಟಿಗೆಗಳ 28 ಹೊಂದಾಣಿಕೆಗಳ ಕೋಷ್ಟಕವನ್ನೇ ಕೊಟ್ಟರು. ಆಸ್ಟ್ರೇಲಿಯಾದ ಪತ್ರಿಕೆಯೊಂದರಲ್ಲಿ ಬಂದ ಆ ಲೇಖನವನ್ನು ಹೊರಗಿನವರು ಹತ್ತು ವರ್ಷ ಹೆಚ್ಚುಕಡಿಮೆ ಗಮನಿಸಲಿಲ್ಲ. 1971ರಲ್ಲಿ ಆಡಿಯೋ ಎಂಜಿನಿಯರಿಂಗ್ ಸೊಸೈಟಿಯ ಪತ್ರಿಕೆ ಅದನ್ನು ಮರುಮುದ್ರಿಸಿತು. ಸಿಡ್ನಿ ವಿಶ್ವವಿದ್ಯಾಲಯದಲ್ಲಿ ಸಂಶೋಧನೆ ಮಾಡಿದ ರಿಚರ್ಡ್ ಸ್ಮಾಲ್ 1972–73ರಲ್ಲಿ ಅದೇ ಪತ್ರಿಕೆಯಲ್ಲಿ ಸರಣಿಯಾಗಿ ಬರೆದು ಈ ಅಂಕಿಗಳಿಗೆ ಇಂದಿನ ಹೆಸರು, ಚಿಹ್ನೆ, ಅಳೆಯುವ ಕ್ರಮ ಇವನ್ನೆಲ್ಲ ನೆಲೆಗೊಳಿಸಿದರು. ಸ್ಮಾಲ್ ತಮ್ಮ ವಿಶ್ಲೇಷಣೆಯನ್ನು ಕೋನು ಅಲ್ಪವೇ ಆಡುವ ಸಣ್ಣ ಸಂಕೇತ, ಜೋರಾಗಿ ಆಡುವ ದೊಡ್ಡ ಸಂಕೇತ ಎಂದು ಬೇರೆಬೇರೆಯಾಗಿಯೇ ನಡೆಸಿದ್ದರು. ಬಳಸಿದವರು ಮರೆತದ್ದು ಆ ಭೇದವನ್ನೇ.

ಸ್ಮಾಲ್ ಅವರ ಕ್ರಮಕ್ಕೆ ಬೇಕಾಗಿದ್ದದ್ದು ಸಿಗ್ನಲ್ ಜನರೇಟರ್, ಎಸಿ ವೋಲ್ಟ್‌ಮೀಟರ್, ಆವೃತ್ತಿ ಎಣಿಸುವ ಕೌಂಟರ್, ಒಂದು ರೆಸಿಸ್ಟರ್ ಮತ್ತು ತಾಳ್ಮೆ. ಕಾಯಿಲಿನ ಡಿಸಿ ರೋಧ 6 ಓಮ್, ಬೆಟ್ಟದ ತುದಿ 40 ಹರ್ಟ್ಸ್‌ನಲ್ಲಿ 54 ಓಮ್ ಎಂದಿಟ್ಟುಕೊಳ್ಳೋಣ. ಇವುಗಳ ಅನುಪಾತ 9, ಅದರ ವರ್ಗಮೂಲ 3. ಆದ್ದರಿಂದ ಬೆಟ್ಟದ ಎರಡೂ ಇಳಿಜಾರುಗಳಲ್ಲಿ 18 ಓಮ್ ಎಲ್ಲಿ ಸಿಗುತ್ತದೆಂದು ಹುಡುಕಬೇಕು. 25 ಮತ್ತು 64 ಹರ್ಟ್ಸ್‌ನಲ್ಲಿ ಸಿಕ್ಕರೆ ಅವೆರಡರ ಗುಣಲಬ್ಧದ ವರ್ಗಮೂಲ ಸರಿಯಾಗಿ 40 ಆಗುತ್ತದೆ. ಅಳತೆ ಹಾದಿ ತಪ್ಪಿಲ್ಲವೆಂಬುದಕ್ಕೆ ಇದೇ ಗುರುತು. ಯಾಂತ್ರಿಕ ಕ್ಯೂ 3.08, ವಿದ್ಯುತ್ ಕ್ಯೂ 0.385, ಎರಡೂ ಸೇರಿದ ಕ್ಯೂಟಿಎಸ್ 0.34 ಎಂದು ಕಾಗದದ ಮೇಲೆಯೇ ಲೆಕ್ಕ ಬರುತ್ತದೆ. ಇನ್ನು ಚಲಿಸುವ ಭಾಗದ ತೂಕ. ಮೃದಂಗದವರು ಎಡಮುಖಕ್ಕೆ ರವೆಯ ಕಣಕ ಮೆತ್ತಿ ಶ್ರುತಿ ಇಳಿಸುವುದನ್ನು ಬಲ್ಲವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಕೋನಿಗೆ 20 ಗ್ರಾಂ ಮೇಣದಂಥ ಮುದ್ದೆಯನ್ನು ಅಂಟಿಸಿದಾಗ ಅನುರಣನ 40ರಿಂದ 32 ಹರ್ಟ್ಸ್‌ಗೆ ಇಳಿದರೆ, ಆವೃತ್ತಿಗಳ ಅನುಪಾತದ ವರ್ಗದಲ್ಲಿ ಒಂದನ್ನು ಕಳೆದು ಅದರಿಂದ 20ನ್ನು ಭಾಗಿಸಿದಾಗ 35.6 ಗ್ರಾಂ ಸಿಗುತ್ತದೆ. ತೂಕವೂ ಆವೃತ್ತಿಯೂ ತಿಳಿದ ಮೇಲೆ ತೂಗಿನ ಮೃದುತ್ವ, ಅದರಿಂದ ವಿಎಎಸ್ ತಾನಾಗಿ ಬರುತ್ತವೆ.

ಇಡೀ ಕೆಲಸಕ್ಕೆ ನುರಿತ ಕೈಗೂ ಸಾಕಷ್ಟು ಹೊತ್ತು ಹಿಡಿಯುತ್ತಿತ್ತು. ಕಂಪ್ಯೂಟರ್ ಇಲ್ಲಿಗೆ ಬಂದದ್ದು ಸುತ್ತುಬಳಸಿನ ದಾರಿಯಲ್ಲಿ. 1965ರಲ್ಲಿ ಕೂಲಿ ಮತ್ತು ಟ್ಯೂಕಿ, ಸಂಕೇತವನ್ನು ಅದರ ಆವೃತ್ತಿಗಳಾಗಿ ಬಿಡಿಸುವ ಫೂರಿಯೆ ರೂಪಾಂತರವನ್ನು ಚುರುಕಾಗಿ ಲೆಕ್ಕಿಸುವ ವಿಧಾನ ಪ್ರಕಟಿಸಿದರು. 1970ರ ದಶಕದಲ್ಲಿ ಇಂಗ್ಲೆಂಡಿನ ಕೆಇಎಫ್ ಕಂಪನಿ ಅದನ್ನು ಧ್ವನಿವರ್ಧಕಗಳಿಗೆ ಅಳವಡಿಸಿತು. ಅಲ್ಲಿನ ಬರ್ಮನ್ ಮತ್ತು ಫಿಂಚಮ್ 1977ರಲ್ಲಿ ಆ ಕುರಿತು ಬರೆದರು. ಅದಕ್ಕೆ ಬೇಕಾದ ದುಬಾರಿ ಯಂತ್ರ ದೊಡ್ಡ ಕಾರ್ಖಾನೆಗಳಿಗಷ್ಟೇ ಎಟುಕುತ್ತಿತ್ತು. ಪರ್ಸನಲ್ ಕಂಪ್ಯೂಟರಿನ ಒಳಗೆ ಸಿಕ್ಕಿಸುವ ಕಾರ್ಡುಗಳು ಈ ಸ್ಥಿತಿಯನ್ನು ಬದಲಿಸಿದವು. ಡಗ್ಲಸ್ ರೈಫ್ ರೂಪಿಸಿದ ಎಂಎಲ್‌ಎಸ್‌ಎಸ್‌ಎ ಎಂಬ ಕಾರ್ಡು ಮೊರೆತದಂತೆ ಕೇಳುವ, ಆದರೆ ಪೂರ್ವನಿರ್ಧಾರಿತವಾದ ಸಂಕೇತವನ್ನು ಡ್ರೈವರಿಗೆ ಊಡಿಸಿ, ಬಂದ ಉತ್ತರವನ್ನು ಅದರೊಡನೆ ತಾಳೆನೋಡಿ ಎಲ್ಲ ಆವೃತ್ತಿಗಳನ್ನೂ ಒಂದೇ ಉಸಿರಿನಲ್ಲಿ ಅಳೆಯುತ್ತಿತ್ತು. ಇದರ ಸಿದ್ಧಾಂತವನ್ನು ರೈಫ್ ಮತ್ತು ಕೆನಡಾದ ಜಾನ್ ವಾಂಡರ್‌ಕೂಯ್ 1989ರಲ್ಲಿ ವಿವರಿಸಿದರು. ಇಟಲಿಯ ಫ್ಲಾರೆನ್ಸ್‌ನಿಂದ ಕ್ಲಿಯೋ ಎಂಬ ಮಾಪಕ ಬಂತು. ಅಮೆರಿಕದ ಹವ್ಯಾಸಿಗಳಿಗಾಗಿ ಬಿಲ್ ವಾಸ್ಲೊ 1990ರ ದಶಕದ ಮೊದಲರ್ಧದಲ್ಲಿ ‘ಸ್ಪೀಕರ್ ಬಿಲ್ಡರ್’ ಪತ್ರಿಕೆಯ ಮೂಲಕ ಐಎಂಪಿ ಎಂಬ, ಕೈಯಾರೆ ಜೋಡಿಸಿಕೊಳ್ಳುವ ಮಾಪಕ ಕೊಟ್ಟರು. ಆಮೇಲೆ ಸೌಂಡ್‌ಕಾರ್ಡೇ ಮಾಪಕವಾಯಿತು: ಕ್ರೊಯೇಷಿಯಾದ ಇವೊ ಮಟೆಲ್ಯಾನ್ ಅವರ ಲಿಂಪ್ ತಂತ್ರಾಂಶ ಒಂದು ರೆಸಿಸ್ಟರಿನ ಎರಡು ಬದಿಯ ವೋಲ್ಟೇಜುಗಳನ್ನು ಸೌಂಡ್‌ಕಾರ್ಡಿನ ಎರಡು ಚಾನೆಲ್‌ಗಳಿಂದ ಓದಿ ಇಂಪೀಡೆನ್ಸ್ ಬಿಡಿಸುತ್ತದೆ. ಡೇಟನ್ ಆಡಿಯೋದ ಡ್ಯಾಟ್ಸ್‌ನಂಥ ಯುಎಸ್‌ಬಿ ಪೆಟ್ಟಿಗೆಗಳು ಇದೇ ಸರ್ಕ್ಯೂಟನ್ನು ಅಂಗೈಯಗಲಕ್ಕೆ ಇಳಿಸಿದವು. ತಂತಿಗಳನ್ನು ಒಮ್ಮೆ ಪರಸ್ಪರ ಮುಟ್ಟಿಸಿ, ಒಮ್ಮೆ ನಿಖರ ಬೆಲೆಯ ರೆಸಿಸ್ಟರಿಗೆ ಸಿಕ್ಕಿಸಿ ಹದಗೊಳಿಸಿದ ಮೇಲೆ ಕೆಲವು ಸೆಕೆಂಡುಗಳಲ್ಲಿ ಕೆಲಸ ಮುಗಿಯುತ್ತದೆ.

ಹಾಗಾದರೆ ವೋಲ್ಟ್‌ಮೀಟರಿನ ಹಳಬರು ಎತ್ತುವ ಆಕ್ಷೇಪ ಸರಿಯೇ? ಅದೇ ಸೂತ್ರ, ಅದೇ ಬೆಟ್ಟ, ಅದೇ ಮೇಣದ ಮುದ್ದೆ. ಯಂತ್ರ ಉಳಿಸಿದ್ದು ಹೊತ್ತನ್ನು ಮಾತ್ರ ಎನ್ನುತ್ತಾರೆ ಅವರು. ಬಹುಪಾಲು ಸರಿ. ಒಳ್ಳೆಯ ಕೌಂಟರ್ ಇಟ್ಟುಕೊಂಡು ಎಚ್ಚರದಿಂದ ಅಳೆದವರ ಎಫ್‌ಎಸ್ ಮತ್ತು ಕ್ಯೂ ಬೆಲೆಗಳು ಇಂದಿನ ಮಾಪಕದ ಬೆಲೆಗಳಿಗೆ ತೀರ ದೂರ ಇರುವುದಿಲ್ಲ. ತೂಕದ ಲೆಕ್ಕದಲ್ಲಿ ಮಾತ್ರ ಅವರ ಮಾತು ಸಡಿಲಾಗುತ್ತದೆ. ಮೇಲಿನ ಉದಾಹರಣೆಯಲ್ಲಿ ಮುದ್ದೆ ಮೆತ್ತಿದ ನಂತರದ ಆವೃತ್ತಿಯನ್ನು 32ರ ಬದಲು 33 ಎಂದು ಓದಿದರೆ ತೂಕ 35.6 ಗ್ರಾಂ ಹೋಗಿ 42.6 ಗ್ರಾಂ ಆಗುತ್ತದೆ. ಒಂದು ಹರ್ಟ್ಸ್ ತಪ್ಪಿಗೆ ಶೇಕಡ 20ರ ದಂಡ! ಬೆಟ್ಟದ ನೆತ್ತಿ ಚಪ್ಪಟೆಯಾಗಿರುವುದರಿಂದ ಕಣ್ಣಿಗೆ ಈ ತಪ್ಪು ಸುಲಭವಾಗಿ ಆಗುವಂಥದು. ನೆತ್ತಿಯೊಂದನ್ನೇ ನೋಡದೆ ನೂರಾರು ಬಿಂದುಗಳಿಗೆ ಹೊಂದುವಂತೆ ರೇಖೆ ಎಳೆಯುವ ಕಂಪ್ಯೂಟರ್ ಇಲ್ಲಿ ಗೆಲ್ಲುತ್ತದೆ. ಅಷ್ಟಾದರೂ ಈ ಗೆಲುವಿಗಾಗಿಯೇ ಒಂದು ಯುಗ ಬದಲಾಯಿತೆಂದು ಹೇಳಲಾಗದು.

ಬದಲಾದದ್ದು ಅಳತೆಯ ಸಂಖ್ಯೆ. ದಿನಕ್ಕೆ ಒಂದೆರಡು ಡ್ರೈವರು ಅಳೆಯುತ್ತಿದ್ದವರು ಬಂದ ಅಂಕಿಯನ್ನು ಆ ಡ್ರೈವರಿನ ಜಾತಕವೆಂದೇ ಬರೆದಿಡುತ್ತಿದ್ದರು. ಎರಡನೆಯ ಸಲ ಅಳೆದು ವ್ಯತ್ಯಾಸ ಬಂದರೆ ತಮ್ಮ ಕೈಯನ್ನೇ ಶಂಕಿಸುತ್ತಿದ್ದರು. ಸೆಕೆಂಡುಗಳಲ್ಲಿ ಅಳೆಯುವ ಸಾಧನ ಬಂದ ಮೇಲೆ ಆ ಶಂಕೆಗೆ ನೆಲೆಯಿಲ್ಲವಾಯಿತು. ವೋಲ್ಟೇಜು ಏರಿಸಿದರೆ ಅನುರಣನ ಕೆಳಗಿಳಿಯುತ್ತದೆ. ಗಂಟೆಗಟ್ಟಲೆ ನುಡಿಸಿದ ಡ್ರೈವರು ಹೊಸದಕ್ಕಿಂತ ಸಡಿಲ. ಚಳಿಯ ಬೆಳಗಿನ ಅಂಕಿ ಮಧ್ಯಾಹ್ನದ ಅಂಕಿಯಲ್ಲ. ಕಾರಣ ತೂಗಿನ ಬಟ್ಟೆ ಮತ್ತು ರಬ್ಬರುಗಳಲ್ಲಿದೆ. ಅವು ಉಕ್ಕಿನ ಸ್ಪ್ರಿಂಗಿನಂತೆ ನೇರ ಲೆಕ್ಕಕ್ಕೆ ಬಗ್ಗುವುದಿಲ್ಲ, ಎಳೆದಷ್ಟು ಹೊತ್ತೂ ನಿಧಾನವಾಗಿ ಜಗ್ಗುತ್ತಲೇ ಇರುತ್ತವೆ. ಡೆನ್ಮಾರ್ಕಿನ ಕ್ನುಡ್ಸನ್ ಮತ್ತು ಜೆನ್ಸನ್ 1993ರಲ್ಲಿ ಈ ಜಗ್ಗುವಿಕೆಯನ್ನು ಸೂತ್ರಕ್ಕೆ ತಂದರು. ಆವೃತ್ತಿ ಇಳಿದಂತೆ ತೂಗು ಮೃದುವಾಗುತ್ತದೆಂದರೆ, ಮುದ್ದೆ ಮೆತ್ತಿ ಆವೃತ್ತಿ ಇಳಿಸುವ ವಿಧಾನವೇ ತೂಗನ್ನು ತುಸು ಮೃದುವಾಗಿಸಿ ತೂಕವನ್ನು ಕಡಿಮೆ ತೋರಿಸುತ್ತದೆ. ಅಳೆಯುವ ಕ್ರಿಯೆ ಅಳತೆಯೊಳಗೆ ಸೇರಿಕೊಂಡಿರುವುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ಬೇಕಿಲ್ಲ.

ಇದನ್ನು ಕಂಡ ಕೆಲವರು ಇನ್ನೊಂದು ತುದಿಗೆ ಹೋದರು: ಕದಲುವ ಅಂಕಿಗಳಿಂದ ಪೆಟ್ಟಿಗೆ ಕಟ್ಟುವುದು ಮರಳ ಮೇಲೆ ಮನೆ ಕಟ್ಟಿದಂತೆ ಎಂದರು. ಈ ವಾದ ಗಣಿತದ ಮುಂದೆ ನಿಲ್ಲುವುದಿಲ್ಲ. ತೂಗು ಶೇಕಡ 20 ಸಡಿಲವಾಯಿತೆನ್ನಿ. ನಮ್ಮ ಉದಾಹರಣೆಯ ಎಫ್‌ಎಸ್ 40ರಿಂದ 36.5ಕ್ಕೆ, ಕ್ಯೂಟಿಎಸ್ 0.34ರಿಂದ 0.31ಕ್ಕೆ ಇಳಿಯುತ್ತವೆ; ವಿಎಎಸ್ 60 ಲೀಟರ್ ಇದ್ದರೆ 72 ಆಗುತ್ತದೆ. ಪ್ರತಿಯೊಂದು ಅಂಕಿಯೂ ಬದಲಾಗಿದೆ. ಆದರೆ ಅದೇ ಡ್ರೈವರನ್ನು 20 ಲೀಟರಿನ ಮುಚ್ಚಿದ ಪೆಟ್ಟಿಗೆಯಲ್ಲಿ ಕೂರಿಸಿ ನೋಡಿದರೆ ಪೆಟ್ಟಿಗೆಯ ಅನುರಣನ 80 ಇದ್ದದ್ದು 78.3 ಹರ್ಟ್ಸ್ ಆಗುತ್ತದೆ, ಒಟ್ಟು ಕ್ಯೂ 0.68 ಇದ್ದದ್ದು 0.67. ಕಿವಿಗೆ ಇದು ಗೊತ್ತಾಗದು. ಪೆಟ್ಟಿಗೆಯೊಳಗಿನ ಗಾಳಿ ತೂಗಿಗಿಂತ ಬಿಗಿಯಾದ ಸ್ಪ್ರಿಂಗ್ ಆಗಿರುವುದರಿಂದ ತೂಗಿನ ಚಂಚಲತೆ ಹೊರಗೆ ಕಾಣುವುದಿಲ್ಲ. ಎಫ್‌ಎಸ್‌ನ್ನು ಕ್ಯೂಟಿಎಸ್‌ನಿಂದ ಭಾಗಿಸಿದ ಬೆಲೆ, ವಿಎಎಸ್‌ನ್ನು ಎಫ್‌ಎಸ್‌ನ ವರ್ಗದಿಂದ ಗುಣಿಸಿದ ಬೆಲೆ, ಇವೆರಡೂ ತೂಗು ಸಡಿಲಾದರೂ ಬಿಗಿಯಾದರೂ ಬಹುತೇಕ ಹಾಗೇ ಇರುತ್ತವೆ. ನಿಯತ ಎಂಬ ಹೆಸರಿಗೆ ಯೋಗ್ಯವಾದ ಅಂಕಗಳು ಅವೇ. ತಯಾರಕರ ಹಾಳೆಯ ಎಫ್‌ಎಸ್‌ಗೂ ತಮ್ಮ ಮಾಪಕದ ಎಫ್‌ಎಸ್‌ಗೂ ಹೊಂದದೆಂದು ಡ್ರೈವರನ್ನು ಹಿಂದಿರುಗಿಸಲು ಹೊರಟವರು ಮೊದಲು ಈ ಎರಡು ಬೆಲೆಗಳನ್ನು ಹೋಲಿಸಬೇಕು. ಅವೂ ಹೊಂದದಿದ್ದರೆ ದೂರಿಗೆ ಆಧಾರವಿದೆ.

ಗಂಭೀರವಾದ ಮಿತಿ ಬೇರೆಡೆ ಇದೆ. ಸಣ್ಣ ಮಾಪಕಗಳು ಕೋನನ್ನು ಕಂಡೂ ಕಾಣದಷ್ಟು ಮಾತ್ರ ಆಡಿಸುತ್ತವೆ. ಜೋರಾಗಿ ನುಡಿಸುವಾಗ ಕಾಯಿಲು ಕಾಂತದ ಎಡೆಯಿಂದ ಹೊರಬಂದು ಬಲ ಕುಗ್ಗುತ್ತದೆ, ತೂಗು ತನ್ನ ಮಿತಿ ಮುಟ್ಟಿ ಬಿಗಿಯುತ್ತದೆ, ತಾಮ್ರ ಕಾಯುತ್ತದೆ. ತಾಮ್ರದ ರೋಧ ಪ್ರತಿ ಡಿಗ್ರಿಗೆ ಸುಮಾರು ಶೇಕಡ 0.39 ಏರುವುದರಿಂದ 50 ಡಿಗ್ರಿ ಬಿಸಿಯಾದ ಕಾಯಿಲಿನಲ್ಲಿ ರೋಧ ಐದನೆಯ ಒಂದು ಭಾಗದಷ್ಟು ಹೆಚ್ಚಿರುತ್ತದೆ. ಜರ್ಮನಿಯ ಡ್ರೆಸ್ಡೆನ್‌ನ ವೋಲ್ಫ್‌ಗಾಂಗ್ ಕ್ಲಿಪ್ಪೆಲ್ 1990ರ ದಶಕದಿಂದ ಬೆನ್ನುಹತ್ತಿದ್ದು ಈ ದೊಡ್ಡ ಸಂಕೇತದ ಲೋಕವನ್ನು. ಅವರ ವ್ಯವಸ್ಥೆಯಲ್ಲಿ ಕಾಂತದ ಬಲ, ತೂಗಿನ ಮೃದುತ್ವ, ಕಾಯಿಲಿನ ಇಂಡಕ್ಟೆನ್ಸ್ ಇವುಗಳಲ್ಲಿ ಯಾವುದೂ ಒಂಟಿ ಅಂಕಿಯಲ್ಲ, ಕೋನು ಎಲ್ಲಿದೆ ಎಂಬುದರ ಮೇಲೆ ಬದಲಾಗುವ ರೇಖೆ. ಕೋನಿನ ಸ್ಥಾನವನ್ನು ಲೇಸರ್ ಓದುವುದರಿಂದ ಮುದ್ದೆ ಮೆತ್ತದೆಯೇ ತೂಕ ಸಿಗುತ್ತದೆ. ಅಂತರರಾಷ್ಟ್ರೀಯ ಎಲೆಕ್ಟ್ರೋಟೆಕ್ನಿಕಲ್ ಆಯೋಗ 2010ರಲ್ಲಿ ಐಇಸಿ 62458 ಎಂಬ ಮಾನಕ ಹೊರಡಿಸಿ ದೊಡ್ಡ ಸಂಕೇತದ ಅಳತೆಗೆ ಅಧಿಕೃತ ಸ್ಥಾನ ಕೊಟ್ಟಿತು. ಪೆಟ್ಟಿಗೆಯ ಗಾತ್ರ ನಿರ್ಧರಿಸುವವರಿಗೆ ಯುಎಸ್‌ಬಿ ಮಾಪಕ ಇಂದಿಗೂ ಸಾಕು. ಡ್ರೈವರನ್ನೇ ರೂಪಿಸುವವರಿಗೆ ಸಾಲದು.

ಎರಡು ಬಗೆಯ ಸಾಧನಗಳಿಗೂ ಸಾಮಾನ್ಯವಾದ ಒಂದು ಕೊರತೆ ಉಳಿದಿದೆ. ವಿಎಎಸ್ ಲೆಕ್ಕಕ್ಕೆ ಕೋನಿನ ಪರಿಣಾಮಕಾರಿ ವ್ಯಾಸ ಬೇಕು, ಅದೂ ನಾಲ್ಕನೆಯ ಘಾತದಲ್ಲಿ. ವ್ಯಾಸವನ್ನು ಶೇಕಡ 5 ಹೆಚ್ಚಾಗಿ ಅಳೆದರೆ ವಿಎಎಸ್‌ನಲ್ಲಿ ಶೇಕಡ 21ಕ್ಕಿಂತ ಹೆಚ್ಚು ತಪ್ಪುತ್ತದೆ. ತಂತಿಗಳ ತುದಿಯಿಂದ ಈ ವ್ಯಾಸ ಓದಲು ಬರುವುದಿಲ್ಲ. ಸುತ್ತುಪಟ್ಟಿಯ ಒಂದು ಬದಿಯ ನಡುವಿನಿಂದ ಇನ್ನೊಂದು ಬದಿಯ ನಡುವಿನವರೆಗೆ ಅಳತೆಪಟ್ಟಿ ಹಿಡಿದು ನೋಡಿ, ಬಂದ ಸೆಂಟಿಮೀಟರುಗಳನ್ನು ತಂತ್ರಾಂಶದ ಖಾಲಿ ಚೌಕದಲ್ಲಿ ಕೈಯಾರೆ ತುಂಬುವುದೇ ಇಂದಿಗೂ ವಾಡಿಕೆ.