ಬಾಡಿಗೆ ಠೇವಣಿಯ ಆದೇಶ ಮತ್ತು ಅದರ ಪುನರೀಕ್ಷಣೆ

1956ರಲ್ಲಿ ಕನ್ನಡ ನಾಡು ಒಂದಾದಾಗ ಅದರ ಬಾಡಿಗೆ ಕಾನೂನುಗಳು ಒಂದಾಗಿರಲಿಲ್ಲ. ಹಳೆಯ ಮೈಸೂರಿನಲ್ಲಿ 1951ರ ಕಾಯ್ದೆ, ಧಾರವಾಡ ಬೆಳಗಾವಿಗಳಲ್ಲಿ ಮುಂಬಯಿಯ 1947ರ ಕಾಯ್ದೆ, ಕಲಬುರಗಿಯ ಕಡೆ ಹೈದರಾಬಾದಿನ 1954ರ ಕಾಯ್ದೆ, ಮಂಗಳೂರಿನಲ್ಲಿ ಮದರಾಸಿನ 1949ರ ಕಾಯ್ದೆ ಜಾರಿಯಲ್ಲಿದ್ದವು. ಇವೆಲ್ಲಕ್ಕೂ ಬದಲಾಗಿ ಬಂದ 1961ರ ಬಾಡಿಗೆ ನಿಯಂತ್ರಣ ಕಾಯ್ದೆಯಲ್ಲಿ ಹೆಚ್ಚು ಚರ್ಚೆಯಾದದ್ದು, ಬಾಡಿಗೆದಾರನನ್ನು ಯಾವ ಕಾರಣಗಳಿಗೆ ಒಕ್ಕಲೆಬ್ಬಿಸಬಹುದೆಂದು ಹೇಳುವ 21ನೆಯ ಕಲಮು. ಆದರೆ ಎಷ್ಟೋ ವ್ಯಾಜ್ಯಗಳ ಹಣೆಬರಹವನ್ನು ಬರೆದದ್ದು 29ನೆಯ ಕಲಮು.

ಒಕ್ಕಲೆಬ್ಬಿಸುವ ಅರ್ಜಿಯನ್ನು ಎದುರಿಸಬೇಕಾದರೆ ಬಾಡಿಗೆದಾರನು ಅಲ್ಲಿಯವರೆಗಿನ ಬಾಕಿಯನ್ನೆಲ್ಲ ಮಾಲೀಕನಿಗೆ ಸಲ್ಲಿಸಬೇಕು ಅಥವಾ ನ್ಯಾಯಾಲಯದಲ್ಲಿ ಠೇವಣಿ ಇಡಬೇಕು, ಪ್ರಕರಣ ಮುಗಿಯುವ ತನಕ ಮುಂದಿನ ಬಾಡಿಗೆಯನ್ನೂ ಹಾಗೆಯೇ ಕಟ್ಟುತ್ತಿರಬೇಕು ಎಂಬುದು ಆ ಕಲಮಿನ ವಿಧಿ. ಬಾಡಿಗೆ ತಿಂಗಳಿಗೆ ಅರವತ್ತು ರೂಪಾಯಿಯೆಂದು ಮಾಲೀಕನೂ ನಲವತ್ತೆಂದು ಬಾಡಿಗೆದಾರನೂ ಹೇಳಿದರೆ, ರಸೀದಿ, ಕರಾರುಪತ್ರಗಳನ್ನು ನೋಡಿ ನ್ಯಾಯಾಧೀಶರು ಸಂಕ್ಷಿಪ್ತ ವಿಚಾರಣೆಯಲ್ಲೇ ಮೊತ್ತವನ್ನು ನಿರ್ಧರಿಸುತ್ತಿದ್ದರು. ಅಂತಿಮ ತೀರ್ಪಿಗೆ ಮೊದಲು ಹೊರಡುವ ಇಂಥ ಮಧ್ಯಂತರ ಆದೇಶ ಮೇಲ್ನೋಟಕ್ಕೆ ಲೆಕ್ಕಪತ್ರದ ಮಾತಷ್ಟೇ. ಆದರೂ ಹಣ ಕಟ್ಟದೆ, ಅದಕ್ಕೆ ಸಾಕಷ್ಟು ಕಾರಣವನ್ನೂ ತೋರಿಸದೆ ಹೋದ ಬಾಡಿಗೆದಾರನ ವಿರುದ್ಧ, ಮಾಲೀಕನಿಗೆ ಮನೆ ನಿಜವಾಗಿ ಬೇಕೇ ಎಂಬ ಪ್ರಶ್ನೆಗೆ ಕೈಹಾಕದೆಯೇ, ನ್ಯಾಯಾಲಯವು ಮುಂದಿನ ನಡಾವಳಿಯನ್ನು ನಿಲ್ಲಿಸಿ ಸ್ವಾಧೀನ ಬಿಟ್ಟುಕೊಡುವಂತೆ ಆದೇಶಿಸಬೇಕಾಗಿತ್ತು. ಸಾಕಷ್ಟು ಕಾರಣ ಎಂಬ ಆ ಎರಡು ಪದಗಳಿಲ್ಲದಿದ್ದರೆ ಈ ವಿಧಿ ಬರಿಯ ದಂಡನೆಯಾಗಿಬಿಡುತ್ತಿತ್ತು.

ಆದ್ದರಿಂದ ಈ ಆದೇಶದ ಮೇಲಿನ ಪುನರೀಕ್ಷಣೆಗೆ, ಅಂದರೆ ಕೆಳಗಿನ ನ್ಯಾಯಾಲಯದ ಕಡತವನ್ನು ಮೇಲಿನದು ತರಿಸಿಕೊಂಡು ಪರಿಶೀಲಿಸುವ ಅಧಿಕಾರಕ್ಕೆ, ವಿಶೇಷ ಬೆಲೆ ಬಂತು. 50ನೆಯ ಕಲಮಿನಂತೆ ಬೆಂಗಳೂರಿನ ಲಘು ವ್ಯವಹಾರಗಳ ನ್ಯಾಯಾಲಯದ ಆದೇಶಗಳು ಹೈಕೋರ್ಟಿಗೂ ಮುನ್ಸಿಫ್ ನ್ಯಾಯಾಲಯಗಳ ಆದೇಶಗಳು ಜಿಲ್ಲಾ ನ್ಯಾಯಾಧೀಶರಿಗೂ ಹೋಗುತ್ತಿದ್ದವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 115ನೆಯ ಕಲಮು ಅಧಿಕಾರವ್ಯಾಪ್ತಿಯ ದೋಷವನ್ನೇ ಮುಖ್ಯವಾಗಿ ನೋಡಿದರೆ, ಇಲ್ಲಿ ಆದೇಶ ಕಾನೂನುಬದ್ಧವೇ ಎಂಬುದರ ಜೊತೆಗೆ ಸರಿಯೇ ಎಂಬುದನ್ನೂ ನೋಡಲು ಅವಕಾಶವಿತ್ತು. ಒಕ್ಕಲೆಬ್ಬಿಸುವ ಆದೇಶದ ವಿರುದ್ಧ ಪುನರೀಕ್ಷಣೆ ಕೇಳಲು ಬಂದ ಬಾಡಿಗೆದಾರನೂ ಮೊದಲು ಬಾಕಿ ಕಟ್ಟಿರಬೇಕೆಂದು 29ನೆಯ ಕಲಮೇ ಹೇಳಿದ್ದರಿಂದ, ಮೇಲಿನ ನ್ಯಾಯಾಲಯದ ಬಾಗಿಲಲ್ಲಿಯೂ ಠೇವಣಿಯ ಚಲನ್ ತೋರಿಸುವುದು ತಪ್ಪುತ್ತಿರಲಿಲ್ಲ.

ಜಿಲ್ಲಾ ನ್ಯಾಯಾಧೀಶರ ಪುನರೀಕ್ಷಣೆಯ ಮೇಲೆ ಹೈಕೋರ್ಟು ಮತ್ತೊಮ್ಮೆ ಕಣ್ಣುಹಾಯಿಸಬಹುದೇ ಎಂಬ ತಕರಾರು ಬಹುಕಾಲ ನಡೆದು, 115ನೆಯ ಕಲಮಿನ ಮಿತಿಯೊಳಗೆ ಹಾಯಿಸಬಹುದೆಂದು 1987ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಸಣ್ಣ ಬಾಡಿಗೆಯ ಜಗಳಕ್ಕೆ ಮೂರು ಮೆಟ್ಟಿಲು ಹೆಚ್ಚಾಯಿತೆನ್ನಬಹುದಾದರೂ, ಮೊತ್ತವನ್ನು ತಪ್ಪಾಗಿ ನಿರ್ಧರಿಸಿದ ಒಂದು ಆದೇಶ ಮನೆಯನ್ನೇ ಕಳೆಯಬಲ್ಲದಾಗಿದ್ದ ವ್ಯವಸ್ಥೆಯಲ್ಲಿ ಆ ಕಾವಲು ಅನಗತ್ಯವಾಗಿರಲಿಲ್ಲ.

2001ರ ಡಿಸೆಂಬರ್ 31ರಂದು ಜಾರಿಗೆ ಬಂದ 1999ರ ಕರ್ನಾಟಕ ಬಾಡಿಗೆ ಕಾಯ್ದೆ ಠೇವಣಿಯ ವಿಧಿಯನ್ನೂ ಪುನರೀಕ್ಷಣೆಯನ್ನೂ ಉಳಿಸಿಕೊಂಡಿತು. ಆದರೆ ಬೆಂಗಳೂರಿನಲ್ಲಿ ತಿಂಗಳಿಗೆ 3,500 ರೂಪಾಯಿಗಿಂತ ಹೆಚ್ಚು ಬಾಡಿಗೆಯ ಮನೆಗಳನ್ನೂ 14 ಚದರ ಮೀಟರಿಗಿಂತ ದೊಡ್ಡ ಅಂಗಡಿಗಳನ್ನೂ ಅದು ಹೊರಗಿಟ್ಟಿತು; ಅವುಗಳ ವ್ಯಾಜ್ಯಗಳು ಸಾಮಾನ್ಯ ಸಿವಿಲ್ ದಾವೆಗಳಾಗಿ ನಡೆಯತೊಡಗಿದವು.